ಒಮ್ಮೆ ಕೊಟ್ಟ ತೀರ್ಪನ್ನು ತಾವೇ ಕಿತ್ತುಕೊಂಡಾಗ

ಮಾನ್ಯ ಕಂದಾಯ ಅಧಿಕಾರಿಗಳೇ,

ನನ್ನ ಚಿಕ್ಕಮ್ಮನ ಅರ್ಧ ಎಕರೆ ಜಮೀನು ಅವಳದೇ ಎಂದು ತೀರ್ಪು ಕೊಟ್ಟವರು ತಾವು. ಹದಿನಾಲ್ಕು ತಿಂಗಳಾದ ಮೇಲೆ, ಅದೇ ಕುರ್ಚಿಯಲ್ಲಿ ಕುಳಿತು, ಅದು ಅವಳದಲ್ಲ ಎಂದು ಬರೆದವರೂ ತಾವೇ. ನಡುವೆ ಬದಲಾದದ್ದೇನು? ಜಮೀನು ಇದ್ದಲ್ಲೇ ಇದೆ. ದಾಖಲೆಗಳೂ ಅವೇ. ಬದಲಾದದ್ದು ತಮ್ಮ ಮನಸ್ಸೊಂದೇ. ಮನಸ್ಸು ಬದಲಾಯಿಸುವ ಹಕ್ಕು ಮನುಷ್ಯರಿಗೆಲ್ಲ ಇದೆ, ಒಪ್ಪಿದೆ. ಮೊಹರು ಒತ್ತಿದ ಮೇಲೆ ಅಧಿಕಾರಿಗೂ ಇದೆಯೇ?

ಚಿಕ್ಕಮ್ಮ ಸಸಿ ಬೆಳೆಸಿ ಮಾರುವವಳು. ತಾಯಿ ತೀರಿಕೊಂಡ ಮೇಲೆ ನನ್ನನ್ನು ಸಾಕಿದ್ದೂ ಅದೇ ಸಸಿಗಳ ನಡುವೆ. ಗಂಡ ಸತ್ತ ವರ್ಷವೇ ಅವಳ ಮೈದುನ ಜಮೀನು ತನ್ನದೆಂದು ತಕರಾರು ತೆಗೆದ. ಅವಳು ಒಂದು ಕಡೆ ನ್ಯಾಯಾಲಯದಲ್ಲಿ ದಾವೆ ಹೂಡಿದಳು, ಇನ್ನೊಂದು ಕಡೆ ತಮ್ಮ ಕಚೇರಿಗೆ ಅರ್ಜಿ ಕೊಟ್ಟಳು. ಒಂಬತ್ತು ವರ್ಷ ತಮ್ಮ ಬಾಗಿಲಾಚೆಯ ಬೆಂಚಿನ ಮೇಲೆ ಕುಳಿತಳು. ನಾನು ಬಡಗಿ. ಆ ಬೆಂಚಿನ ಕಾಲು ಅಲುಗಾಡುವುದನ್ನು ನೋಡಲಾರದೆ ಒಂದು ದಿನ ನಾನೇ ಬೆಣೆ ಹೊಡೆದು ಕೂರಿಸಿದೆ. ಸರ್ಕಾರಿ ಆಸ್ತಿ ಮುಟ್ಟಿದ್ದಕ್ಕೆ ತಮ್ಮ ಗುಮಾಸ್ತರು ಬೈದರು. ಬೆಂಚಿನ ಬಗ್ಗೆ ಅಷ್ಟು ನಿಯಮನಿಷ್ಠೆ!

ತೀರ್ಪಿನ ದಿನ ತಾವು ನಮ್ಮನ್ನು ಒಳಗೆ ಕರೆದಿರಿ. ನಾನು ಅವಳ ಹಿಂದೆಯೇ ನಿಂತಿದ್ದೆ.

"ಜಮೀನು ನಿಮ್ದೇ ಅಂತ ಆಯ್ತಲ್ಲಮ್ಮ. ಇನ್ನು ಆ ಕೋರ್ಟ್ ಕೇಸ್ ಯಾಕೆ? ವಾಪಸ್ ತಗೊಳ್ಳಿ. ಒಂದೇ ಮನೆಯೋರು, ದ್ವೇಷ ಯಾಕೆ ಬೆಳೆಸ್ತೀರಾ?" ಎಂದಿರಿ.

ಹೊರಗೆ ಬಂದು ಚಿಕ್ಕಮ್ಮ ಮೆಲ್ಲಗೆ, "ಕೇಸ್ ಪಾಡಿಗೆ ಕೇಸ್ ಇರ್ಲಿ ಬಿಡೋ. ಅದೇನು ಅನ್ನ ಕೇಳುತ್ತಾ?" ಎಂದಳು.

"ಅಷ್ಟು ದೊಡ್ಡ ಮನುಷ್ಯರು ಬಾಯಿಬಿಟ್ಟು ಹೇಳಿದ್ದಾರೆ. ಇನ್ನೂ ಅನುಮಾನನಾ ನಿಂಗೆ?" ಎಂದು ಗದರಿಸಿದವನು ನಾನು. ಮರುವಾರವೇ ವಕೀಲರ ಮೇಜಿನ ಮೇಲೆ ಅವಳು ರುಜು ಹಾಕಿದಳು. ದಾವೆ ಮುಗಿಯಿತು. ಹಾಗೆ ಹಿಂಪಡೆದದ್ದನ್ನು ಮತ್ತೆ ಹೂಡಲು ಬರುವುದಿಲ್ಲ ಎಂದು ನನಗೆ ತಿಳಿದದ್ದು ಆಮೇಲೆ.

ಹದಿನಾಲ್ಕು ತಿಂಗಳ ನಂತರ ಒಂದು ಬೆಳಿಗ್ಗೆ ಮೈದುನ ನಾಲ್ವರನ್ನು ಕರೆತಂದು ಸಸಿಗಳ ಮಡಿಯ ನಡುವೆಯೇ ಬೇಲಿಗೂಟ ನೆಡಿಸುತ್ತಿದ್ದ. ಚಿಕ್ಕಮ್ಮ ನೀರಿನ ಪೈಪು ಹಿಡಿದು ನಿಂತೇ ಇದ್ದಳು. "ಅತ್ತಿಗೆ, ಸಾಹೇಬ್ರು ಮರುಪರಿಶೀಲನೆ ಮಾಡಿ ನನ್ನ ಹೆಸರಿಗೆ ಕೊಟ್ಟಿದ್ದಾರೆ. ನಿಮಗೆ ಹೇಳ್ಲೇ ಇಲ್ವಾ?" ಎಂದ. ಪಾಪ, ಅವನಿಗೇ ಆಶ್ಚರ್ಯ. ನಮಗೆ ನೋಟಿಸಿಲ್ಲ, ವಿಚಾರಣೆಯಿಲ್ಲ, ಒಂದು ಮಾತಿಲ್ಲ.

ಓಡೋಡಿ ಬಂದು ಕೇಳಿದರೆ, "ಕಾನೂನಲ್ಲಿ ಅವಕಾಶ ಇದೆ" ಎಂದು ತಾವು ಕಡತದಿಂದ ತಲೆ ಎತ್ತದೆ ಹೇಳಿದಿರಿ. ಇದೆ ಸ್ವಾಮಿ, ನಾನೂ ವಕೀಲರಿಂದ ಓದಿಸಿ ಕೇಳಿದೆ. ಬರವಣಿಗೆಯ ತಪ್ಪಿದ್ದರೆ ತಿದ್ದಬಹುದು. ಮೊದಲು ಕೈಗೆ ಸಿಗದಿದ್ದ ದಾಖಲೆ ಸಿಕ್ಕರೆ ನೋಡಬಹುದು. ಅದೂ ಮೂರು ತಿಂಗಳೊಳಗೆ, ಎರಡೂ ಕಡೆಯವರನ್ನು ಕೂರಿಸಿಕೊಂಡು. ತಮ್ಮ ಎರಡನೇ ಆದೇಶದಲ್ಲಿರುವ ಕಾರಣ ಒಂದೇ: "ಹಿಂದಿನ ಅಭಿಪ್ರಾಯ ಸರಿಯೆನಿಸುತ್ತಿಲ್ಲ." ಸರಿಯೆನಿಸದಿದ್ದರೆ ಮೈದುನ ಮೇಲಿನವರ ಬಳಿ ಹೋಗಬೇಕಿತ್ತು. ಮೇಲ್ಮನವಿ ಇರುವುದು ಮತ್ತೇತಕ್ಕೆ? ಅವನು ಮೇಲ್ಮನವಿಯ ಗಡುವು ಕಳೆಯುವವರೆಗೆ ಸುಮ್ಮನಿದ್ದು ತಮ್ಮ ಹಿಂಬಾಗಿಲು ತಟ್ಟಿದ. ತಾವು ತೆರೆದಿರಿ. ಬೇಲಿಯೇ ಎದ್ದು ಹೊಲ ಮೇಯ್ದರೆ ದೂರು ಯಾರಿಗೆ ಕೊಡೋಣ?

ಮೈದುನನ ಮೇಲೆ ನನಗೆ ಅಷ್ಟು ಸಿಟ್ಟಿಲ್ಲ. ಅವನು ಮೊದಲಿಂದಲೂ ಎದುರಾಳಿ. ತಾವಾದರೋ ನಾವು ನಂಬಿದ್ದವರು. ದಾವೆ ಇದ್ದಿದ್ದರೆ ಇಂದು ನ್ಯಾಯಾಲಯದ ಬಾಗಿಲಾದರೂ ತೆರೆದಿರುತ್ತಿತ್ತು; ಅದನ್ನು ನಮ್ಮ ಕೈಯಿಂದಲೇ ಮುಚ್ಚಿಸಿದಿರಿ. ಚಿಕ್ಕಮ್ಮ ನನ್ನನ್ನು ಇವತ್ತಿಗೂ ಒಂದು ಮಾತು ಬೈದಿಲ್ಲ. ಬೈದಿದ್ದರೆ ಅವಳ ಮುಖ ನೋಡುವುದಾದರೂ ಸುಲಭವಾಗುತ್ತಿತ್ತೇನೋ.

ಆದೇಶವನ್ನು ಇನ್ನೊಮ್ಮೆ ಮರುಪರಿಶೀಲಿಸಿ ಎಂದು ಬೇಡಲು ನಾನು ಬರೆಯುತ್ತಿಲ್ಲ. ತಮಗಿಲ್ಲದ ಅಧಿಕಾರವನ್ನು ನನಗೋಸ್ಕರ ಚಲಾಯಿಸಿ ಎಂದರೆ ಮೈದುನನಿಗೂ ನನಗೂ ವ್ಯತ್ಯಾಸವೇನು ಉಳಿಯಿತು? ಮೇಲಿನವರಿಗೆ ಮನವಿ ಸಲ್ಲಿಸಿದ್ದೇವೆ. ಅದು ಮುಗಿಯುವವರೆಗೆ ಆ ಬೇಲಿಗೂಟಗಳನ್ನು ಕೀಳಿಸಿ. ಜೊತೆಗೆ, ಮೇಲಿನವರ ಮುಂದಿಡಲು, ಒಂದು ಹಾಳೆಯ ಮೇಲೆ ಒಂದೇ ಸಾಲು ಬರೆದುಕೊಡಿ: "ದಾವೆ ಹಿಂಪಡೆಯಲು ಈ ಹೆಂಗಸಿಗೆ ನಾನೇ ಹೇಳಿದ್ದೆ." ಕೆಳಗೆ ತಮ್ಮ ಸಹಿ, ತಾರೀಖು. ಆ ಸಾಲನ್ನಾದರೂ ಆಮೇಲೆ ಬದಲಾಯಿಸಬೇಡಿ.

ಇಂತಿ,
ತಮ್ಮ ಮಾತು ನಂಬಿ, ಸಾಕಿದವಳ ಕೈಯಿಂದ ರುಜು ಹಾಕಿಸಿದ
ಒಬ್ಬ ಬಡಗಿ