ಹದಿನಾಲ್ಕು ಸಲ ಪರವಾಗಿಲ್ಲ

ಹ್ಯಾಲಿಫ್ಯಾಕ್ಸ್, ಮಾರ್ಚ್ ೯

ಮಾನ್ಯ ಡಾಕ್ಟರ್ ಪ್ರಿಚರ್ಡ್ ಅವರೇ,

ನನ್ನ ಕಾಲಿನ ನರದ ನೋವಿಗೆ ಗಾಂಜಾದ ಔಷಧಿ ಬರೆದುಕೊಡಬಹುದೇ ಎಂದು ಕೇಳಲು ಮೊನ್ನೆ ತಜ್ಞರೊಬ್ಬರ ಬಳಿ ಹೋಗಿದ್ದೆ. ಅದಕ್ಕೆ ಮೊದಲು ಕನಿಷ್ಠ ಬೇರೆ ಎರಡು ಔಷಧಿಗಳು ಫಲ ಕೊಡಲಿಲ್ಲವೆಂದು ದಾಖಲೆಯಲ್ಲಿರಬೇಕಂತೆ. ನನ್ನ ಬಗ್ಗೆ ನೀವು ಬರೆದಿಟ್ಟ ದಾಖಲೆ ತೆರೆದರು. ಆರು ವರ್ಷದ ಹದಿನಾಲ್ಕು ಭೇಟಿಯಲ್ಲೂ ಒಂದೇ ಸಾಲು: ‘ಪರವಾಗಿಲ್ಲ ಅನ್ನುತ್ತಾರೆ.’

ತಪ್ಪು ನಿಮ್ಮದಲ್ಲ. ಹೊರಗೆ ಅಷ್ಟು ಜನ ಕಾದಿರುವಾಗ ಗೋಳು ಹೇಳಿಕೊಳ್ಳಬಾರದೆಂದು ಬೆಳೆದವನು ನಾನು. ನಿಜವೇನೆಂದರೆ, ನೋವಿಗೆಂದು ನೀವು ಕೊಟ್ಟ ಮೊದಲ ಮಾತ್ರೆಯ ಮಂಪರಿನಲ್ಲಿ ಒಂದು ಪಾತಿ ಈರುಳ್ಳಿಯನ್ನು ತಲೆಕೆಳಗಾಗಿ ನೆಟ್ಟೆ. ಎರಡನೆಯದರಿಂದ ಏನೂ ಆಗಲಿಲ್ಲ. ಮೆಟ್ಟಿಲು ಹತ್ತಲಾಗದೆ ಎರಡು ವರ್ಷದಿಂದ ಕೆಳಗೆ ಸೋಫಾದಲ್ಲೇ ಮಲಗುತ್ತಿದ್ದೇನೆ.

“ನಿನ್ ಸಂಕೋಚಕ್ಕಿಷ್ಟು ಬೆಂಕಿ ಹಾಕ! ಮನೇಲಿ ನರಳಿ ನರಳಿ ನನ್ ತಲೆ ತಿಂತೀಯ, ಡಾಕ್ಟ್ರು ಕೇಳಿದ್ರೆ ಮದುವೆ ಗಂಡಿನ ಥರ ನಗ್ತೀಯಲ್ಲ!” ಎಂದು ನನ್ನ ಹೆಂಡತಿ ಮೇವಿಸ್ ಬೈದಳು.

ದಯವಿಟ್ಟು ಈ ಪತ್ರವನ್ನು ದಾಖಲೆಗೆ ಸೇರಿಸಿ. ಔಷಧಿ ಸಿಕ್ಕೇ ಸಿಗುತ್ತದೆಂದು ತಜ್ಞರು ಹೇಳಲಿಲ್ಲ, ಆದರೆ ದಾಖಲೆ ಸರಿಯಾದರೆ ಮತ್ತೆ ನೋಡುತ್ತಾರಂತೆ. ಅಷ್ಟಕ್ಕೇ ಮೇವಿಸ್ ನನ್ನ ದಿಂಬನ್ನು ಮಹಡಿಗೆ ಒಯ್ದಿದ್ದಾಳೆ.

ಮಂಗಳವಾರ ಬರುತ್ತೇನೆ. ಹೇಗಿದ್ದೀರಿ ಎಂದು ನೀವು ಕೇಳಿದಾಗ ಅಭ್ಯಾಸಬಲದಿಂದ ಪರವಾಗಿಲ್ಲ ಎಂದುಬಿಟ್ಟರೆ, ದಯವಿಟ್ಟು ಇನ್ನೊಮ್ಮೆ ಕೇಳಿ.

ನಿಮ್ಮ ವಿಶ್ವಾಸಿ,
ಡೆಸ್ಮಂಡ್ ಹಾರ್ಗ್ರೀವ್ಸ್