ಪರದೇಶಿ ಕಪಾಟನ್ನು ಖಾಲಿ ಮಾಡಿಸಿದವರಿಗೆ

ಮಾನ್ಯ ದಾಸ್ತಾನು ಪರಿಶೀಲನಾಧಿಕಾರಿಗಳೇ,

ನಮ್ಮ ಮಕ್ಕಳ ಗ್ರಂಥಾಲಯದ ಕಿಟಕಿ ಪಕ್ಕದ ಕಪಾಟಿನಿಂದ ತಾವು ಮೂಟೆ ಕಟ್ಟಿಸಿ ಒಯ್ದ ನೂರ ಹನ್ನೆರಡು ಪುಸ್ತಕಗಳಿಗೆ ದಿಕ್ಕುದೆಸೆ ಇತ್ತು. ಪಟ್ಟಿಯಲ್ಲಿ ‘ಪರದೇಶಿ ಪುಸ್ತಕಗಳು’ ಎಂಬ ತಲೆಬರಹ ಕಂಡದ್ದೇ ತಡ, ತಾವು ಅದರ ಎದುರು ‘ವಾರಸುದಾರರಿಲ್ಲ, ವಿಲೇವಾರಿ ಮಾಡಿ’ ಎಂದು ಬರೆದು ಮೊಹರು ಒತ್ತಿದಿರಿ. ಪರದೇಶಿ ಎಂದರೆ ಬೇರೆ ದೇಶದ್ದು ಎಂಬ ಅರ್ಥವೂ ಇದೆಯೆಂದು ತಮಗೆ ಹೊಳೆಯಲೇ ಇಲ್ಲವೇ? ಎತ್ತು ಈಯಿತು ಎಂದರೆ ಕೊಟ್ಟಿಗೆಗೆ ಕಟ್ಟು ಎಂದವರ ಕಥೆ ಕೇಳಿದ್ದೆ. ಮೊಹರಿನ ಸಮೇತ ನೋಡಿದ್ದು ಇದೇ ಮೊದಲು. ಒಂದೇ ಒಂದು ಪುಸ್ತಕವನ್ನು ಬಿಡಿಸಿ ನೋಡಿದ್ದರೆ ಸಾಕಿತ್ತು.

ನಾನು ಆ ಗ್ರಂಥಾಲಯದ ಬೈಂಡರ್. ಮಕ್ಕಳು ಹರಿದದ್ದನ್ನು ಹೊಲಿದು, ಅಂಟು ಹಚ್ಚಿ, ರಟ್ಟು ಕಟ್ಟುವುದು ನನ್ನ ಕೆಲಸ. ಆ ಕಪಾಟಿನ ಪುಸ್ತಕಗಳು ನನ್ನ ಮೇಜಿಗೆ ಬಂದಷ್ಟು ಬೇರಾವುವೂ ಬಂದಿಲ್ಲ. ಅದಕ್ಕೆ ಕಾರಣ ನನ್ನ ಸೊಸೆ. ಅವಳು ಆ ಪುಸ್ತಕಗಳು ಬಂದ ದೇಶದವಳೇ. ನನ್ನ ಮಗನನ್ನು ಮದುವೆಯಾಗಿ ಬಂದ ಮೇಲೆ, ತಪ್ಪು ಮಾತಾಡಿ ನಗೆಪಾಟಲಾದೇನೆಂದು ಆರು ವರ್ಷ ತುಟಿ ಬಿಚ್ಚಿದ್ದೇ ಕಡಿಮೆ. ಅವಳ ಮಗಳನ್ನು, ಅಂದರೆ ನನ್ನ ಮೊಮ್ಮಗಳನ್ನು, ಶಾಲೆಯಲ್ಲಿ ‘ಪರದೇಶಿ, ಪರದೇಶಿ’ ಎಂದು ರೇಗಿಸುತ್ತಿದ್ದರು. ಮಗು ಮನೆಗೆ ಬಂದು ತಾಯಿಯ ಮೇಲೆ ಮುನಿಸಿಕೊಳ್ಳುತ್ತಿತ್ತು.

ಒಂದು ದಿನ ಆ ದೇಶದ ಪುಸ್ತಕವೊಂದು ರಟ್ಟು ಕಿತ್ತುಕೊಂಡು ಬಂತು. ಯುದ್ಧದ ಕಾಲದಲ್ಲಿ ಎರಡೂ ಕಡೆಯವರನ್ನು ಹೊಳೆ ದಾಟಿಸಿದ ಅಂಬಿಗನ ಕಥೆ. ಮೇಲೆ ಅವರ ಲಿಪಿ, ಕೆಳಗೆ ನಮ್ಮದು. ಅವರ ಪುಸ್ತಕ ಬಲಗಡೆಯಿಂದ ಶುರುವಾಗುತ್ತದೆಂದು ನನಗೇನು ಗೊತ್ತು? ನಮ್ಮ ಪುಸ್ತಕದಂತೆ ಬೆನ್ನನ್ನು ಎಡಕ್ಕೆ ಇಟ್ಟುಕೊಂಡು ಮುಖಪುಟವನ್ನು ಅಂಟಿಸಿಬಿಟ್ಟೆ. ಕಥೆಯ ಹೆಸರು ಕೊನೆಯ ಪುಟದ ಮೇಲೆ ಕೂತಿತು. ಊಟದ ಡಬ್ಬಿ ತಂದುಕೊಟ್ಟ ಸೊಸೆ ಅದನ್ನು ಬಿಡಿಸಿ ನೋಡಿದವಳೇ ಹೊಟ್ಟೆ ಹಿಡಿದುಕೊಂಡು ನಕ್ಕಳು.

“ಅತ್ತೆ, ಅಂಬಿಗನನ್ನ ಮೊದಲು ಮಣ್ಣು ಮಾಡಿ ಆಮೇಲೆ ತೊಟ್ಟಿಲಿಗೆ ಹಾಕಿದ್ದೀರಲ್ಲ!”

ಆ ನಗು ಕೇಳಿ ಮಕ್ಕಳು ಓಡಿಬಂದರು. ಅವಳು ಅಲ್ಲೇ ನೆಲದ ಮೇಲೆ ಕೂತು, ಬಲಗಡೆಯಿಂದ ಓದಿ ಹೇಳಿದಳು. ಅಂದಿನಿಂದ ಪ್ರತಿ ಶನಿವಾರ ಓದಿದಳು. ತನ್ನ ಜನ ಊರು ಕಟ್ಟಿದ್ದನ್ನೂ ಹೇಳಿದಳು, ಅವರು ಯುದ್ಧದಲ್ಲಿ ಊರು ಸುಟ್ಟಿದ್ದನ್ನೂ ಮುಚ್ಚಿಡಲಿಲ್ಲ. ರೇಗಿಸುತ್ತಿದ್ದ ಮಕ್ಕಳೇ ‘ಇವತ್ತು ಪುಟ ಮಗುಚೋದು ನಾನು’ ಎಂದು ಜಗಳವಾಡತೊಡಗಿದರು. ನನ್ನ ಮೊಮ್ಮಗಳು ತಾಯಿಯ ತೊಡೆ ಬಿಟ್ಟು ಏಳುತ್ತಿರಲಿಲ್ಲ. ಇಷ್ಟನ್ನು ಯಾವ ಸುತ್ತೋಲೆಯಿಂದ ಮಾಡಿಸಬಲ್ಲಿರಿ, ಸ್ವಾಮಿ?

ತಮ್ಮ ಕಚೇರಿಗೆ ಮೂರು ಸಲ ಬಂದೆ. ಗೋಡೆಯ ಮೇಲೆ ‘ಜ್ಞಾನಕ್ಕೆ ಗಡಿಯಿಲ್ಲ’ ಎಂಬ ಫಲಕ ಬಹಳ ಚೆನ್ನಾಗಿದೆ. ಅದರ ಕೆಳಗೆ ಕೂತ ಗುಮಾಸ್ತರು, “ಪರದೇಶಿ ಅಂತ ಬರೆದಿದ್ದು ನೀವೇ ಅಲ್ವೇನಮ್ಮಾ? ಸಾಹೇಬ್ರದ್ದೇನು ತಪ್ಪು?” ಎಂದರು. ಕುಣಿಯಲಾರದವರಿಗೆ ನೆಲ ಡೊಂಕು. ಓದಲಾರದವರಿಗೆ ಪದ ಡೊಂಕು. ಆದರೂ ಆ ಮಾತು ನನಗೆ ನಾಟಿತು. ನಿಜ, ಕಪಾಟಿನ ಮೇಲಿನ ಚೀಟಿ ಬರೆದದ್ದು ನಾನೇ, ಪಟ್ಟಿಗೆ ಇಳಿದದ್ದೂ ಅದೇ. ಮೊಮ್ಮಗಳನ್ನು ಅಳಿಸಿದ ಪದವನ್ನೇ ನನ್ನ ಕೈಯಾರೆ ಕಪಾಟಿಗೆ ಅಂಟಿಸಿದ್ದೆ. ಇದಕ್ಕೆ ನನ್ನನ್ನು ನಾನು ಕ್ಷಮಿಸಿಕೊಂಡಿಲ್ಲ.

ಖಾಲಿಯಾದ ಕಪಾಟಿನಲ್ಲಿ ಈಗ ತಮ್ಮ ಇಲಾಖೆಯ ವಾರ್ಷಿಕ ವರದಿಗಳಿವೆ. ಅವನ್ನು ಯಾವ ಮಗುವೂ ಹರಿದಿಲ್ಲ, ನನ್ನ ಕೆಲಸ ಹಗುರವಾಗಿದೆ. ಸೊಸೆ ಮತ್ತೆ ಮಾತು ಕಡಿಮೆ ಮಾಡಿದ್ದಾಳೆ. ಕಳೆದ ಶನಿವಾರ ಮೊಮ್ಮಗಳು ಆ ವರದಿಗಳನ್ನು ನೋಡುತ್ತಾ ನಿಂತು ಕೇಳಿದಳು: “ಅಜ್ಜೀ, ಅಮ್ಮನೂ ಪರದೇಶಿ ತಾನೆ? ಅವಳನ್ನೂ ಮೂಟೆ ಕಟ್ಟಿ ಒಯ್ತಾರಾ?”

ಇದರ ಉತ್ತರವನ್ನು ತಾವೇ ಬಂದು ಅವಳಿಗೆ ಹೇಳಿ.

ಮೂಟೆಗಳು ಇನ್ನೂ ತಮ್ಮ ಗೋದಾಮಿನಲ್ಲಿವೆಯಂತೆ. ಸೋಮವಾರ ಕಾಗದದ ಕಾರ್ಖಾನೆಯ ಲಾರಿ ಬರುತ್ತದಂತೆ. ಅದಕ್ಕೆ ಮೊದಲು ನೂರ ಹನ್ನೆರಡೂ ಪುಸ್ತಕಗಳು ಹಿಂದಿರುಗಬೇಕು. ನೂರ ಹನ್ನೊಂದು ಬಂದರೆ ನಾನು ಒಪ್ಪುವುದಿಲ್ಲ. ವಾರಸುದಾರರ ಸಹಿ ಬೇಕೆಂದರೆ, ಮೊಮ್ಮಗಳು ಈಚೆಗಷ್ಟೇ ತನ್ನ ಹೆಸರು ಬರೆಯಲು ಕಲಿತಿದ್ದಾಳೆ. ಎಡದಿಂದಲೂ ಬರೆಯುತ್ತಾಳೆ, ಬಲದಿಂದಲೂ ಬರೆಯುತ್ತಾಳೆ. ಯಾವುದು ಬೇಕೋ ತಿಳಿಸಿ. ಕಪಾಟಿನ ಹಳೆಯ ಚೀಟಿಯನ್ನು ನಾನು ಕೆರೆದು ತೆಗೆದಿದ್ದೇನೆ. ಹೊಸದರಲ್ಲಿ ‘ಅಮ್ಮನ ತವರಿನ ಪುಸ್ತಕಗಳು’ ಎಂದು ಬರೆದಿದ್ದೇನೆ. ಇದಕ್ಕಾದರೂ ಎರಡನೇ ಅರ್ಥ ಹುಡುಕಬೇಡಿ.

ಇಂತಿ,
ಒಂದು ಪುಸ್ತಕವನ್ನು ತಿರುವುಮುರುವಾಗಿ ಕಟ್ಟಿ, ತಪ್ಪು ತಿಳಿದೊಡನೆ ಬಿಚ್ಚಿ ಸರಿಮಾಡಿದ
ಮಕ್ಕಳ ಗ್ರಂಥಾಲಯದ ಬೈಂಡರ್ ಅಜ್ಜಿ