ದೀಪ ಹಿಡಿದವಳ ಮೂರಡಿ ರೀಲು

೧೪-೩-೧೯೯೨, ಶನಿವಾರ, ಮಸ್ಕಿ

ಬೆಂಗಳೂರಿನ ಸಿನಿಮಾ ಕಂಪನಿಯವನೊಬ್ಬ ಇವತ್ತು ನನ್ನ ಮನೆ ಹುಡುಕಿಕೊಂಡು ಬಂದ. ಹಿಂದೆ ನಾನು ಟೆಂಟಿನಲ್ಲಿ ಓಡಿಸುತ್ತಿದ್ದ ಹಳೇ ಪ್ರೇಮದ ಚಿತ್ರವೊಂದಕ್ಕೆ ಹೊಸ ಪ್ರಿಂಟು ಹಾಕುತ್ತಾರಂತೆ. ನಾಯಕಿ ದೀಪ ಹಿಡಿದು ತಿರುಗುವ ಜಾಗ ಮಾತ್ರ ಎಲ್ಲ ಪ್ರಿಂಟಿನಲ್ಲೂ ಗೀರು ಬಿದ್ದು ಕೆಟ್ಟಿದೆ. ಆ ಜಾಗದ ಒಳ್ಳೆಯ ತುಂಡು ನನ್ನಲ್ಲಿದೆಯೆಂದು ಲಿಂಗಸುಗೂರಿನಲ್ಲಿ ಯಾರೋ ಹೇಳಿದರಂತೆ. ಯಾರೋ ಏನು, ನಾನೇ ಊರೂರಲ್ಲಿ ಕೊಚ್ಚಿಕೊಂಡದ್ದು.

ಸುತ್ತಿಟ್ಟಿದ್ದ ಮೆತ್ತನೆಯ ಬಟ್ಟೆ ಬಿಚ್ಚಿ ಆ ಮೂರಡಿ ರೀಲನ್ನು ಕಿಟಕಿಯ ಬೆಳಕಿಗೆ ಹಿಡಿದೆ. ಅರ್ಧ ಮುಖ ಬೆಳ್ಳಿ, ಅರ್ಧ ಕತ್ತಲೆ, ಒಂದೂ ಗೀರಿಲ್ಲ.

"ನಾನು ಟೆಂಟ್ ಟಾಕೀಸಿನ ಆಪರೇಟರ್ ಆಗಿದ್ದಾಗ ಜೋಪಾನ ಮಾಡಿದ್ದು," ಎಂದೆ.

"ಸುಳ್ಳ ರೀ, ಕತ್ತರಿಸಿ ಕದ್ದಾರ. ಆಕೀ ಮುಖಕ್ಕ ಮಳ್ಳಾಗಿದ್ರು," ಎಂದಳು ಕರೆಮ್ಮ ಒಲೆಯ ಮುಂದಿನಿಂದ. ಕಟ್ಟಿಕೊಂಡವಳೇ ಸಾಕ್ಷಿ ಹೇಳಿದರೆ ಏನು ಮಾಡುವುದು!

ಅವನು ನಕ್ಕ. "ಕದ್ದಿದ್ದೇ ಒಳ್ಳೇದಾಯ್ತು ಬಿಡಿ ಯಜಮಾನ್ರೇ, ಇಲ್ಲದಿದ್ರೆ ಇದೂ ಸವೆದು ಹೋಗಿರೋದು."

ಅವನು ಚಹಾ ಕುಡಿಯುವಾಗ, ರೀಲಿನ ಒಂದೇ ಒಂದು ಚಿತ್ರದ ಚೌಕ ನನಗಿರಲೆಂದು ಒಳಗೆ ಹೋಗಿ ಕತ್ತರಿ ಎತ್ತಿದೆ. ಒಂದು ಚೌಕ ಹೋದರೂ ತಿರುಗುವಾಗ ಅವಳ ಮುಖ ಜಿಗಿಯುತ್ತದೆ. ಅದು ನನಗಿಂತ ಚೆನ್ನಾಗಿ ಯಾರಿಗೆ ಗೊತ್ತು? ಇಡಿಯಾಗಿಯೇ ಕೊಟ್ಟೆ.

ಇನ್ನು ಯಾವ ಊರಿನ ಪರದೆಯ ಮೇಲೆ ತಿರುಗಿದರೂ ಅವಳು ನನ್ನ ಮನೆಯಿಂದ ಹೋದವಳು. ನಾಳೆ ಮುದಗಲ್ಲಿಗೆ ಹೋಗಿ ಹೇಳಬೇಕು, ಅಲ್ಲಿಯ ಆಪರೇಟರ್ ನಬೀಸಾಬ ಒಬ್ಬ ಅವಳು ನನ್ನಲ್ಲಿದ್ದಾಳೆಂದರೆ ನಂಬಿರಲಿಲ್ಲ, ಅವನ ಮುಖ ಒಮ್ಮೆ ನೋಡಬೇಕು.